ಮಂಗಳಕ್ಕೆ ಮುಂಚೆ

‘ಕೊನೆಯ ದೃಶ್ಯ ನೀವು ಬರೆದ ಹಾಗೇ ಉಂಟು ಉಸ್ತಾದ್, ಒಂದು ಚೂರೂ ಮುಟ್ಟಲಿಲ್ಲ’ ಎಂದು ನಿನ್ನೆ ಸಂಜೆ ಲಿಫ್ಟಿನ ಬಾಗಿಲಲ್ಲಿ ನಿಂತು ತಾನೇ ಹೇಳಿದ ಮಾತು, ದೋಹಾದ ಕಡೆಯಿಂದ ಹೊರಟ ಕಂಪೆನಿ ಬಸ್ಸು ಅಲ್ ಖೋರ್ ದಾಟಿದ ಮೇಲೂ ಯಜ್ಞೇಶನ ನಾಲಗೆಯಿಂದ ಇಳಿದಿರಲಿಲ್ಲ. ಹಾಗೆಂದು ಅವನನ್ನು ಯಾರೂ ಕೇಳಿರಲಿಲ್ಲ. ಮುದುಕರು ಕೇಳಿದ್ದು ‘ನಾಳೆ ಎಷ್ಟು ಹೊತ್ತಿಗೆ ಹೊರಡುವುದು’ ಎಂದಷ್ಟೇ. ಇವನು ಹೊತ್ತನ್ನೂ ಹೇಳಿ, ಕೇಳದ ಪ್ರಶ್ನೆಗೊಂದು ಉತ್ತರವನ್ನೂ ಕೊಟ್ಟು, ಬಂದ ಲಿಫ್ಟನ್ನು ಬಿಟ್ಟು ಮೆಟ್ಟಿಲು ಹತ್ತಿ ಮನೆಗೆ ಹೋಗಿದ್ದ. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಳ್ಳುವವರನ್ನು ಕಂಡು ಇಷ್ಟು ವರ್ಷ ನಕ್ಕಿದ್ದೇನೆ, ನನ್ನನ್ನು ಕಳ್ಳ ಅಂತ ಯಾರೂ ಕರೆಯಲೂ ಇಲ್ಲವಲ್ಲ, ನಾನೇ ಹೆಗಲು ತೋರಿಸಿ ಬಂದೆನಲ್ಲ, ಥತ್ ಎಂದು ತನಗೇ ಬೈದುಕೊಂಡ. ಬಸ್ಸಿನಲ್ಲಿ ಎಸಿ ಜಾಸ್ತಿಯಾಗಿತ್ತು. ಶುಕ್ರವಾರದ ರಜೆಯಾದರೂ ರಾಸ್ ಲಫಾನಿನ ಗ್ಯಾಸ್ ಕಾರ್ಖಾನೆಯಲ್ಲಿ ಒಂದು ಯೂನಿಟ್ಟು ರಿಪೇರಿಗೆಂದು ಶಟ್‌ಡೌನಿನಲ್ಲಿದ್ದುದರಿಂದ ಬೆಳಗಿನ ಪರ್ಮಿಟ್ಟುಗಳಿಗಾಗಿ ಅವನು ಹೋಗಲೇಬೇಕಾಗಿತ್ತು. ಅಲ್ಲಿ ಪರ್ಮಿಟ್ಟಿಲ್ಲದೆ ಒಂದು ನಟ್ಟನ್ನೂ ಸಡಿಲಿಸುವಂತಿಲ್ಲ. ಆ ಪರ್ಮಿಟ್ಟು ಬರೆದುಕೊಡುವುದೇ ಅವನ ಕೆಲಸ. ವಾಲ್ವಿಗೆ ಬೀಗ ಬಿದ್ದಿದೆಯೇ, ಗ್ಯಾಸು ನೋಡಿದ್ದಾರೆಯೇ, ಬೆಂಕಿ ಕಾಯುವವನು ನಿಂತಿದ್ದಾನೆಯೇ ಎಂದು ವರ್ಷಗಟ್ಟಲೆ ಕೇಳಿ ಕೇಳಿ, ಏನು ಮಾಡುವ ಮೊದಲೂ ಯಾರ ಸಹಿ ಬೇಕು ಎಂದು ಸುತ್ತ ನೋಡುವುದು ಅವನಿಗೆ ಅಭ್ಯಾಸವಾಗಿಬಿಟ್ಟಿತ್ತು. ‘ನಿಮಗೆ ಸೀನ್ಲಿಕ್ಕೂ ಪರ್ಮಿಟ್ ಬೇಕು ಮಾರಾಯ್ರೆ’ ಎಂದು ಹೆಂಡತಿ ಗ್ರೀಷ್ಮಾ ತಮಾಷೆ ಮಾಡುತ್ತಿದ್ದಳು. ಈಗ ಬಸ್ಸಿನಲ್ಲಿ ಅದು ತಮಾಷೆ ಅನ್ನಿಸಲಿಲ್ಲ.

ಉಸ್ತಾದ್ ಅಂದರೆ ಮುನ್ಸಿಫ್ ಗರ್ಗೂರಿ. ಅಲ್ ವುಕೈರಿನಲ್ಲಿ ಯಜ್ಞೇಶನದೇ ಕಟ್ಟಡದ ಕೆಳಗಿನ ಮಹಡಿಯಲ್ಲಿ, ಏರ್‌ಪೋರ್ಟಿನಲ್ಲಿ ಕೆಲಸ ಮಾಡುವ ಮಗಳ ಜೊತೆಗಿದ್ದ ನಾಟಕಕಾರರು. ತ್ಯುನೀಸಿಯಾದ ಸ್ಫಾಕ್ಸ್ ಎಂಬ ಬಂದರು ಊರಿನವರು. ‘ಮುನ್ಸೀಫ್ ಅಂದ್ರೆ ಎಂತ, ಕೋರ್ಟಿನವರಾ?’ ಎಂದು ಕರಾವಳಿ ಕೂಟದ ಅಧ್ಯಕ್ಷ ಒಸ್ವಾಲ್ಡ್ ಮೊದಲ ದಿನ ನಕ್ಕಿದ್ದ. ಕೋರ್ಟು ಕಂಡವರೇ, ಆದರೆ ಕಟಕಟೆಯ ಕಡೆಯಿಂದ. ಪ್ರಾಯದ ಕಾಲದಲ್ಲಿ ಗೊಬ್ಬರದ ಕಾರ್ಖಾನೆಯ ಕೂಲಿಗಳನ್ನು ಕಟ್ಟಿಕೊಂಡು ನಾಟಕ ಆಡಿಸಿದವರು. ಗೋಡೆಯ ಮೇಲೆ ಅವರ ಹೆಸರು ಬಿದ್ದರೆ ಆ ವಾರ ಟಿಕೇಟು ಸಿಗುತ್ತಿರಲಿಲ್ಲವಂತೆ. ಆಮೇಲೆ ಜೈಲು, ಆಮೇಲೆ ಮಾರ್ಸೇಲಿನಲ್ಲಿ ಹೋಟೆಲಿನ ಪಾತ್ರೆ ತೊಳೆಯುವುದು, ನಡುವೆ ಫ್ರೆಂಚಿನಲ್ಲಿ ಒಂದೆರಡು ನಾಟಕ. ‘ಜನ ಬಂದರು, ಪಾಪ ಎಂದು ನೋಡಿದರು,’ ಎಂದಿದ್ದರು ಉಸ್ತಾದ್, ‘ಪಾಪ ಎಂದು ನೋಡುವವರ ಎದುರು ನಾಟಕ ಆಡಿಸುವುದು ಜೈಲಿಗಿಂತ ಕಷ್ಟ.’ ಅಲ್ಲಿಂದ ದೋಹಾ. ಶಾಲೆಯಲ್ಲಿ ಅರಬ್ಬೀ ಪಾಠ, ಟೀವಿ ಧಾರಾವಾಹಿಗಳಿಗೆ ಬೇರೆಯವರು ಬರೆದ ಮಾತುಗಳನ್ನು ತಿದ್ದುವುದು. ಊರಿನಲ್ಲಿ ಸರಕಾರ ಬಿದ್ದ ಮೇಲೆ ಒಮ್ಮೆ ಹೋಗಿ ನೋಡಿದ್ದರು. ಅವರ ನಾಟಕಶಾಲೆ ಮದುವೆ ಹಾಲ್ ಆಗಿತ್ತು. ‘ಯಾರದೋ ಮದುವೆ ಇತ್ತು. ಕೂರಿಸಿದರು, ಊಟ ಹಾಕಿದರು, ಉಂಡು ಬಂದೆ’ ಎಂದು ಅವರು ಹೇಳಿದಾಗ ನಗಬೇಕೋ ಬೇಡವೋ ಯಜ್ಞೇಶನಿಗೆ ತಿಳಿದಿರಲಿಲ್ಲ. ಅವರು ಮಾತ್ರ ನಗುತ್ತಿದ್ದರು.

ಅವರ ಪರಿಚಯವಾದದ್ದೇ ನಾಟಕದಿಂದ. ಕಾರು ನಿಲ್ಲಿಸುವ ನೆಲಮಾಳಿಗೆಯಲ್ಲಿ ಹೋದ ವರ್ಷದ ನಾಟಕದ ಮಾತನ್ನು ಯಜ್ಞೇಶ ಒಬ್ಬನೇ ಜೋರಾಗಿ ಹೇಳಿಕೊಳ್ಳುತ್ತಿದ್ದಾಗ ಮುದುಕರೊಬ್ಬರು ಕಂಬದ ಹಿಂದೆ ನಿಂತು ಕೇಳಿಸಿಕೊಂಡಿದ್ದರು. ‘ನಾಟಕ ತಾನೇ? ಜಗಳವಾದರೆ ಯಾರೂ ಇಷ್ಟು ಚೆನ್ನಾಗಿ ಉಸಿರು ತೆಗೆದುಕೊಳ್ಳುವುದಿಲ್ಲ’ ಎಂದರು. ಆಮೇಲೆ ರಜೆಯ ಸಂಜೆಗಳೆಲ್ಲ ಅವರ ಮನೆಯಲ್ಲೇ. ಪುದೀನ ಹಾಕಿದ ಸಿಹಿ ಚಹಾ, ಸೈಟಿನಲ್ಲಿ ಕಲಿತ ಇವನ ಅರಬ್ಬಿ, ಶಾಲೆಯಲ್ಲಿ ಕಲಿಸಿ ಸವೆದ ಅವರ ಇಂಗ್ಲಿಷು. ಅವರು ಎದ್ದು ನಿಂತು ಒಂದೊಂದು ಪಾತ್ರವನ್ನೂ ಆಡಿ ತೋರಿಸುವುದು, ಇವನು ಕನ್ನಡದಲ್ಲಿ ಬರೆದುಕೊಳ್ಳುವುದು. ಹಾಗೆ ಇಳಿದು ಬಂದ ನಾಟಕ ಅದು. ಒಬ್ಬ ತಾಯಿ ಪ್ರತಿ ಶುಕ್ರವಾರ ಜೈಲಿನ ಬಾಗಿಲಿಗೆ ಮಗನಿಗೆಂದು ಒಂದು ಬಟ್ಟಲು ಊಟ ತರುತ್ತಾಳೆ. ಮಗ ಮೊದಲ ಚಳಿಗಾಲದಲ್ಲೇ ಸತ್ತಿದ್ದಾನೆ. ಕಾವಲಿನವನು ಅದನ್ನು ಹೇಳುವುದಿಲ್ಲ. ಬಟ್ಟಲನ್ನು ಒಳಗೆ ಒಯ್ದು ತಾನೇ ತಿಂದು, ‘ನಿನ್ನ ಮಗನಿಗೆ ಇವತ್ತು ಉಪ್ಪು ಕಮ್ಮಿ ಆಯಿತಂತೆ’ ಎಂದು ಖಾಲಿ ಬಟ್ಟಲು ಕೊಡುತ್ತಾನೆ. ಕೊನೆಯ ದೃಶ್ಯದಲ್ಲಿ ಅವಳು ಬಟ್ಟಲನ್ನು ಬಾಗಿಲಿಗಲ್ಲ, ಅವನ ಮುಂದೆಯೇ ಇಡುತ್ತಾಳೆ, ಎದುರು ಕೂರುತ್ತಾಳೆ. ಅವಳಿಗೆ ಗೊತ್ತಿದೆ ಎಂದು ಅವನಿಗೆ ಗೊತ್ತಾಗುತ್ತದೆ. ಅವನು ತಿನ್ನುತ್ತಾನೆ, ಅವಳು ನೋಡುತ್ತಾಳೆ, ಒಂದು ಮಾತಿಲ್ಲ. ತಿಂದು ಮುಗಿದ ಮೇಲೆ ಬಟ್ಟಲನ್ನು ಮಗುಚಿ ಇಟ್ಟು ಹೋಗುತ್ತಾಳೆ. ಇದನ್ನು ತೋರಿಸಲು ಉಸ್ತಾದ್ ತಮ್ಮ ಚಹಾದ ಲೋಟವನ್ನು ಮೇಜಿನ ಮೇಲೆ ಮಗುಚಿದಾಗ ಯಜ್ಞೇಶ ಅತ್ತುಬಿಟ್ಟಿದ್ದ. ಯಾಕೆಂದು ಅವರು ಕೇಳಲಿಲ್ಲ, ಇವನು ಹೇಳಲಿಲ್ಲ. ಅವನ ತಾಯಿ ಪೂವಕ್ಕ ಊರ ಧಣಿಗಳ ಗುತ್ತಿನ ಮನೆಯ ಹಿಂಬದಿಯಲ್ಲಿ, ಕೊಟ್ಟಿಗೆಯ ಆಚೆ, ಅಲ್ಯುಮಿನಿಯಂ ಪಾತ್ರೆ ಹಿಡಿದು ನಿಲ್ಲುತ್ತಿದ್ದಳು. ಮೇಲಿನಿಂದ ಅದಕ್ಕೆ ಏನು ಬೀಳುತ್ತದೋ ಅದನ್ನು ತಂದು ಇವನ ಮುಂದಿಟ್ಟು, ತಾನು ಉಣ್ಣದೆ, ಇವನು ಉಂಡು ಮುಗಿಸುವ ತನಕ ಎದುರು ಕೂತು, ಆಮೇಲೆ ಪಾತ್ರೆ ತೊಳೆದು ಕಲ್ಲಿನ ಮೇಲೆ ಮಗುಚಿ ಹಾಕುತ್ತಿದ್ದಳು. ಅಪ್ಪ ತುಕ್ರ ಆ ಮನೆಯ ಗದ್ದೆಯಲ್ಲೇ ಜೀವ ಸವೆಸಿದವನು. ಕೂಟದಲ್ಲಿ ಹೊಸಬರು ಊರು ಯಾವುದೆಂದು ಕೇಳುತ್ತಾರೆ, ಆಮೇಲೆ ಮನೆ ಯಾವುದೆಂದು ಕೇಳುತ್ತಾರೆ. ಯಜ್ಞೇಶ ಊರಿನ ಹೆಸರು ಹೇಳಿ, ಮನೆಯ ಪ್ರಶ್ನೆ ಬರುವ ಮೊದಲೇ ಚಹಾ ತರುತ್ತೇನೆಂದು ಎದ್ದು ಹೋಗುತ್ತಾನೆ.

ಅಂಥ ನಾಟಕವನ್ನು ಅವನು ಕೂಟದ ಸಮಿತಿಯ ಮುಂದೆ ಓದಿದ್ದ. ಯಾಕಾದರೂ ಓದಿದೆನೋ. ‘ನೋಡು ಮಾರಾಯ,’ ಒಸ್ವಾಲ್ಡ್ ಹೇಳಿದ್ದ, ‘ನಾಟಕ ಒಳ್ಳೇದುಂಟು, ಇಲ್ಲ ಅಂತ ಹೇಳುದಿಲ್ಲ. ಆದ್ರೆ ಜೈಲು ಎಂತಕ್ಕೆ? ನಾವು ಬೇರೆಯವರ ದೇಶದಲ್ಲಿ ಅನ್ನ ತಿನ್ನುವವರು. ರಾಜನ ಕಾಲದ್ದು ಮಾಡು. ರಾಜ ಸತ್ತು ಎಷ್ಟೋ ಕಾಲ ಆಯ್ತು, ಅವ ಕೇಳ್ಲಿಕ್ಕೆ ಬರುದಿಲ್ಲ.’ ಯಜ್ಞೇಶ ಅಳುಕುತ್ತಲೇ ಉಸ್ತಾದರಿಗೆ ಹೇಳಿದರೆ ಅವರು ತೊಡೆ ತಟ್ಟಿಕೊಂಡು ನಕ್ಕಿದ್ದರು: ರಾಜರು ನಮ್ಮ ಕಸುಬಿನವರಿಗೆ ಹಳೇ ಸ್ನೇಹಿತರು, ನಾನೂ ಎಷ್ಟೋ ಸಲ ಮಂತ್ರಿಯನ್ನು ಸುಲ್ತಾನನನ್ನಾಗಿ ಮಾಡಿ ಸೆನ್ಸಾರು ದಾಟಿಸಿದ್ದೇನೆ. ಕಾಮಿಡಿ ಇಲ್ಲದಿದ್ದರೆ ನಮ್ಮವರು ಕೂರುವುದಿಲ್ಲ ಎಂದು ಒಬ್ಬ ಆಳಿನ ಪಾತ್ರ ಬಂತು. ಅದಕ್ಕೆ ಉಪ್ಪಿನಂಗಡಿಯ ಜಾಬಿರ್, ನಿಂತರೆ ಸಾಕು ಜನ ನಗುವಂಥವನು. ಅದಕ್ಕೂ ಉಸ್ತಾದ್ ಒಪ್ಪಿದರು. ‘ಕೇಳಿದ್ದೆಲ್ಲ ಜೀವಮಾನವಿಡೀ ಬದಲಿಸಿ ಕೊಟ್ಟಿದ್ದೇನೆ ಯಜ್ಞೇಶ್. ಕೊನೆ ಒಂದು ಕೊಡಲಿಲ್ಲ. ಅದಕ್ಕೇ ಅವರು ಬಂದದ್ದು.’ ಬಂದದ್ದು ಪೊಲೀಸರು, ನಾಟಕದ ನಡುವೆ, ಸರಿಯಾಗಿ ಕೊನೆಯ ದೃಶ್ಯಕ್ಕೆ ಮೊದಲು. ಹಾಲಿನ ದೀಪಗಳು ಹತ್ತಿದವು, ಕೋಟು ಹಾಕಿದ ಇಬ್ಬರು ಬಂದು ಎರಡು ತೋಳು ಹಿಡಿದರು, ಖಲಾಸ್. ಆ ದೃಶ್ಯವನ್ನು ಅವರು ಇವತ್ತಿನವರೆಗೆ ರಂಗದ ಮೇಲೆ ಕಂಡಿಲ್ಲ. ಇದನ್ನೆಲ್ಲ ಯಜ್ಞೇಶ ಒಸ್ವಾಲ್ಡನಿಗೆ ಹೇಳಿಯೂ ಇದ್ದ. ಒಸ್ವಾಲ್ಡ್ ಕೆಟ್ಟವನಲ್ಲ, ಹೆಣ ಊರಿಗೆ ಕಳಿಸುವ ಕೆಲಸ ಬಂದರೆ ಮೊದಲು ಓಡುವವನು ಅವನೇ. ‘ಪಾಪ,’ ಎಂದ, ‘ಆದ್ರೆ ಹಬ್ಬದ ದಿನ ಮಗ ಸತ್ತು, ಮುದುಕಿ ಪಾತ್ರೆ ಮಗುಚಿ ಹೋಗಿ, ಮತ್ತೆ ಮಂಗಳ ಯಾವಾಗ? ಮಂಗಳ ಹಾಡದೆ ಜನರನ್ನು ಊಟಕ್ಕೆ ಕಳಿಸುದಾ? ನಾನು ಇಗರ್ಜಿಗೆ ಹೋಗುವವ, ಆದ್ರೂ ನಂಗೆ ಗೊತ್ತುಂಟು ಅದು ಒಳ್ಳೇದಲ್ಲಾಂತ.’ ಯಕ್ಷಗಾನ ಮೇಳದ ಆಟವಾಗಲಿ ಸಂಘದ ನಾಟಕವಾಗಲಿ, ಊರಲ್ಲಿ ಮಂಗಳ ಹಾಡದೆ ದೀಪ ಆರಿಸಿದವರಿಲ್ಲ. ಸತ್ತವರೂ ಎದ್ದು ಬಂದು ಕೈಮುಗಿದು ನಿಲ್ಲಬೇಕು. ಹಾಗಾಗಿ ಹಾಸ್ಯದ ಆಳೇ ವೇಷ ಮರೆಸಿಕೊಂಡಿದ್ದ ಮಗ ಎಂದಾಯಿತು. ಕಾವಲಿನವನು ಬಟ್ಟಲಿಗೆ ಕೈ ಹಾಕಿದ ಕೂಡಲೇ ಮನಸ್ಸು ಕರಗಿ ಎದ್ದು ‘ಅಮ್ಮಾ, ತಿರುಗಿ ನೋಡು’ ಅನ್ನಬೇಕು, ಜಾಬಿರ್ ಗಡ್ಡ ಕಿತ್ತು ಓಡಿ ಬರಬೇಕು, ಮಂಗಳ. ಕಾವಲಿನವನ ಪಾತ್ರ ಯಜ್ಞೇಶನದೇ. ಸಮಿತಿಯಲ್ಲಿ ಅವನು ವಾದಿಸಲಿಲ್ಲ. ನಿಜ ಹೇಳಬೇಕೆಂದರೆ ಅವನಿಗೆ ಆಗ ಸಮಾಧಾನವೇ ಆಗಿತ್ತು, ಸಹಿ ಬೇರೆಯವರು ಹಾಕಿದರಲ್ಲ ಎಂದು.

ಮಧ್ಯಾಹ್ನ ಅವನು ಕೆಲಸ ಮುಗಿಸಿ ಬಂದಾಗ ಮನೆಯಲ್ಲಿ ಗ್ರೀಷ್ಮಾ ನಾಟಕದ ಬಟ್ಟಲಿಗೆ ಕುಚ್ಚಲಕ್ಕಿ ಅನ್ನ ಹಾಕಿ, ಬಂಗುಡೆ ಸಾರು ಬಡಿಸಿ, ಮುಚ್ಚಳವಿಟ್ಟು ಮೇಲೆ ಪ್ಲಾಸ್ಟಿಕ್ಕು ಬಿಗಿಯುತ್ತಿದ್ದಳು. ಇಷ್ಟು ದಿನ ಖಾಲಿ ಬಟ್ಟಲಲ್ಲೇ ತಾಲೀಮು ನಡೆದಿತ್ತು.

‘ಕೈ ಹಾಕಿ ಏಳುವುದಕ್ಕೆ ಇಷ್ಟೊಂದು ಯಾಕೆ?’ ಎಂದ ಯಜ್ಞೇಶ.

‘ಹಿಂದೆ ಕೂತವರಿಗೂ ಕಾಣ್ಬೇಕಲ್ಲ.’ ಅವಳು ತಲೆ ಎತ್ತಲಿಲ್ಲ. ‘ಉಸ್ತಾದರಿಗೆ ಹೇಳಿದ್ರಾ?’

‘ಕಾರಲ್ಲಿ ಹೇಳ್ತೇನೆ.’

‘ಹೇಳಿ. ಪಾಪ, ಬೆಳಿಗ್ಗೆಯಿಂದ ಕೋಟಿಗೆ ಇಸ್ತ್ರಿ ಹಾಕ್ತಾ ಕೂತಿದ್ದಾರೆ. ಇಸ್ತ್ರಿಪೆಟ್ಟಿಗೆ ನಮ್ಮದೇ ಕೇಳಿ ತಗೊಂಡು ಹೋದ್ರು.’

ಕಾರಿನಲ್ಲಿ ಉಸ್ತಾದ್ ಆ ಕೋಟಿನಲ್ಲಿ, ಟೈ ಕಟ್ಟಿಕೊಂಡು, ಕೈಗಳನ್ನು ಮಂಡಿಯ ಮೇಲಿಟ್ಟು ಕೂತರು. ಕೋಟಿನ ಭುಜ ಅವರಿಗಿಂತ ದೊಡ್ಡದಿತ್ತು. ಅವರು ಯಾವ ಕಾಲದಲ್ಲಿ ಅಷ್ಟು ದಪ್ಪವಿದ್ದರೋ. ‘ನಾನು ನನ್ನ ನಾಟಕವನ್ನು ಕುರ್ಚಿಯಲ್ಲಿ ಕೂತು ನೋಡಿದವನಲ್ಲ,’ ಎಂದರು, ‘ಯಾವಾಗಲೂ ಪರದೆಯ ಹಿಂದೆ ಬೆವರುತ್ತಿದ್ದೆ. ಇವತ್ತು ನಾನು ಅತಿಥಿ.’ ಸ್ವಲ್ಪ ಹೊತ್ತಿನ ಮೇಲೆ ಅವರೇ ಮುಂದುವರಿಸಿದರು. ‘ಒಂದು ಹೇಳುತ್ತೇನೆ, ನಗಬೇಡ. ಆ ಕೊನೆ ಕಾಗದದ ಮೇಲೆ ಎರಡೇ ಸಾಲು. ಅವನು ತಿನ್ನುತ್ತಾನೆ, ಅವಳು ನೋಡುತ್ತಾಳೆ. ಬರೆದುಬಿಟ್ಟೆ. ಒಬ್ಬ ಮನುಷ್ಯ ಹಾಗೆ ಎಷ್ಟು ಹೊತ್ತು ತಿನ್ನಬಲ್ಲ? ಜನ ತಡೆದುಕೊಳ್ಳುತ್ತಾರೋ, ಕೆಮ್ಮುತ್ತಾರೋ, ಎದ್ದು ಹೋಗುತ್ತಾರೋ? ಅದಕ್ಕಾಗಿ ಜೈಲಿಗೆ ಹೋದೆ, ಮನೆ ಬಿಟ್ಟೆ, ನನ್ನ ಹೆಂಡತಿ ಅದನ್ನು ಕ್ಷಮಿಸದೆ ಸತ್ತಳು. ಆ ದೃಶ್ಯ ಸರಿಯೋ ತಪ್ಪೋ ನನಗೆ ಇವತ್ತಿಗೂ ಗೊತ್ತಿಲ್ಲ. ತಪ್ಪಾಗಿದ್ದರೆ ಏನು ಮಾಡುವುದು ಹೇಳು?’ ಮುದುಕರು ನಗಲು ನೋಡಿದರು, ಆಗಲಿಲ್ಲ. ಯಜ್ಞೇಶ ಕೆಂಪು ಸಿಗ್ನಲಿಗೆ ಕಾರು ನಿಲ್ಲಿಸಿದ. ಈಗ ಹೇಳಬೇಕು. ಹೇಳಿಬಿಡು. ‘ಉಸ್ತಾದ್, ನಮ್ಮಲ್ಲಿ ಒಂದು ಪದ್ಧತಿ ಉಂಟು,’ ಎಂದು ಸುರು ಮಾಡಿದ. ಅವರು ಪೂರ್ತಿ ಇವನ ಕಡೆ ತಿರುಗಿ ಕೂತರು. ಅಷ್ಟರಲ್ಲಿ ಸಿಗ್ನಲ್ ಬಿಟ್ಟು, ಹಿಂದಿನ ಲ್ಯಾಂಡ್ ಕ್ರೂಸರಿನವನು ಹಾರನ್ನಿನ ಮೇಲೆಯೇ ಕೂತಂತೆ ಒತ್ತತೊಡಗಿದ. ಯಜ್ಞೇಶ ಗಡಿಬಿಡಿಯಲ್ಲಿ ಕಾರು ಬಿಟ್ಟು, ‘ನಾಟಕ ಮುಗಿದ ಮೇಲೆ ಎಲ್ಲರಿಗೂ ಊಟ ಉಂಟು’ ಎಂದ. ‘ಒಳ್ಳೆಯ ಪದ್ಧತಿ’ ಎಂದರು ಉಸ್ತಾದ್. ಹಾರನ್ನು ಹೊಡೆದವನಿಗೆ ಯಜ್ಞೇಶ ಮನಸ್ಸಿನಲ್ಲೇ ಕೈಮುಗಿದ, ಆಮೇಲೆ ಹಾಗೆ ಮುಗಿದದ್ದಕ್ಕೆ ನಾಚಿಕೆಪಟ್ಟ.

ಬಾಡಿಗೆಗೆ ಹಿಡಿದ ಶಾಲೆಯ ಹಾಲ್ ತುಂಬಿತ್ತು. ಉಸ್ತಾದರನ್ನು ಮುಂದಿನ ಸಾಲಿನಲ್ಲಿ, ಮೊದಲೇ ಬಂದು ಕೂತಿದ್ದ ಗ್ರೀಷ್ಮಾಳ ಪಕ್ಕ ಕೂರಿಸಿ ಯಜ್ಞೇಶ ಒಳಗೆ ಹೋದ. ಸ್ಯಾಟಿನ್ ಅಂಗಿ, ಸೊಂಟಕ್ಕೆ ಜರಿ ಪಟ್ಟಿ, ಕೈಗೆ ರಟ್ಟಿನ ಭಲ್ಲೆ. ಕನ್ನಡಿಯಲ್ಲಿ ನೋಡಿಕೊಂಡರೆ ಬ್ಯಾಂಡಿನವನ ಹಾಗೆ ಕಂಡ. ಆದರೂ ನಾಟಕ ಏರಿತು. ಒಸ್ವಾಲ್ಡನ ಹೆಂಡತಿ ವೆನಿಟಾ ತಾಯಿಯಾಗಿ ಬಗ್ಗಿ ನಡೆದು ಬಂದಾಗ, ನಗಲು ಬಂದಿದ್ದ ಜನರೂ ಸುಮ್ಮನಾದರು. ಜಾಬಿರ್ ಬಂದು ರಾಜನ ಚಪ್ಪಲಿ ಕಳೆದದ್ದನ್ನು ಬೆಳೆಸಿ ಬೆಳೆಸಿ ಹೇಳಿ ಶಿಳ್ಳೆ ಗಿಟ್ಟಿಸಿದ. ಯಜ್ಞೇಶ ರಂಗದ ಮೇಲಿಂದ ಮೊದಲ ಸಾಲನ್ನೇ ಕದ್ದು ನೋಡುತ್ತಿದ್ದ. ಒಂದಕ್ಷರ ಕನ್ನಡ ಬಾರದ ಉಸ್ತಾದ್ ತುಟಿ ಅಲುಗಿಸುತ್ತಿದ್ದರು, ಯಾರ ಮಾತು ಎಲ್ಲಿ ಮುಗಿಯುತ್ತದೆಂದು ಅವರಿಗೆ ಗೊತ್ತಿತ್ತು. ಜಾಬಿರನಿಗೂ ನಕ್ಕರು, ಕಣ್ಣೊರೆಸಿಕೊಂಡು ನಕ್ಕರು. ಉಪ್ಪು ಕಮ್ಮಿಯಾಯಿತಂತೆ ಎಂದು ಕಾವಲಿನವನು ಹೇಳಿದಾಗ ಇಡೀ ಹಾಲಿನಲ್ಲಿ ಹೆಂಗಸರ ಕಡೆಯಿಂದ ಚ್ಚ್ ಚ್ಚ್ ಎಂಬ ಸದ್ದು ಬಂತು, ಉಸ್ತಾದ್ ಹಿಂತಿರುಗಿ ಆ ಹೆಂಗಸರನ್ನು ನೋಡಿದರು. ಅಷ್ಟು ಸಂತೋಷದ ಮುಖವನ್ನು ಯಜ್ಞೇಶ ಈಚೆಗೆ ಎಲ್ಲೂ ಕಂಡಿರಲಿಲ್ಲ. ಹಾಗೇ ಆಡಿಬಿಟ್ಟರೆ? ಮಾತು ಹೇಳದೆ ತಿನ್ನುತ್ತಾ ಕೂತುಬಿಟ್ಟರೆ ಯಾರು ಏನು ಮಾಡಿಯಾರು? ಈ ಯೋಚನೆ ಬಂದದ್ದೇ ಅವನು ಅಭ್ಯಾಸಬಲದಿಂದ ಸುತ್ತ ನೋಡಿದ. ಕೊನೆಯ ದೃಶ್ಯಕ್ಕೆ ಮುಂಚೆ ಪರದೆ ಬಿದ್ದಾಗ ಒಸ್ವಾಲ್ಡ್ ಕೈಯಲ್ಲಿ ಶಾಲು ಹಿಡಿದುಕೊಂಡು ಒಳಗೆ ಬಂದ.

‘ಉಸ್ತಾದರ ಸನ್ಮಾನ ಈಗಲೇ ಮಾಡಿ ಮುಗಿಸುವ.’

‘ಈಗ ಬೇಡ ಒಸ್ವಾಲ್ಡಣ್ಣ, ನಾಟಕ ಮುಗಿದ ಮೇಲೆ ಅಂತ ಅಲ್ವಾ ಹೇಳಿದ್ದು?’

‘ಮುಗಿದ ಮೇಲೆ ಯಾರು ಇರ್ತಾರೆ ಮಾರಾಯ? ಎಲ್ಲ ಊಟಕ್ಕೆ ಓಡ್ತಾರೆ. ಖಾಲಿ ಕುರ್ಚಿ ಎದುರು ಶಾಲು ಹಾಕುದಾ ಅವರಿಗೆ? ಮರ್ಯಾದೆ ಅಲ್ವಾ? ಸ್ಪಾನ್ಸರ್‌ಗೆ ಬೇರೆ ಫ್ಲೈಟ್ ಉಂಟು. ಯಲ್ಲಾ, ಯಲ್ಲಾ, ಬೇಗ, ಹತ್ತು ನಿಮಿಷ.’

ಯಜ್ಞೇಶ ಭಲ್ಲೆ ಹಿಡಿದುಕೊಂಡು ನಿಂತೇ ಇದ್ದ. ಹಾಲಿನ ದೀಪಗಳೆಲ್ಲ ಒಮ್ಮೆಗೇ ಹತ್ತಿದವು. ಒಂದೇ ಬಣ್ಣದ ಕೋಟು ಹಾಕಿದ ಸಮಿತಿಯ ಇಬ್ಬರು ಮೊದಲ ಸಾಲಿಗೆ ಹೋಗಿ, ಹಿರಿಯರನ್ನು ಹೇಗೆ ಕರೆತರಬೇಕೋ ಹಾಗೆ, ಮರ್ಯಾದೆಯಿಂದ, ಆಚೆಯಿಂದ ಒಬ್ಬ ಈಚೆಯಿಂದ ಒಬ್ಬ ಉಸ್ತಾದರ ತೋಳು ಹಿಡಿದರು. ಆಗ ಯಜ್ಞೇಶನಿಗೆ ಗೊತ್ತಾಯಿತು. ಅಯ್ಯೋ, ಬೇಡ, ಹಾಗೆ ಹಿಡಿಯಬೇಡಿ ಎಂದು ಕೂಗಲು ಒಂದು ಹೆಜ್ಜೆ ಮುಂದಿಟ್ಟವನು ಅಲ್ಲೇ ನಿಂತ. ಉಸ್ತಾದ್ ದೀಪಗಳನ್ನು ನೋಡಿದರು, ಬಲಗಡೆಯವನನ್ನು ನೋಡಿದರು, ಎಡಗಡೆಯವನನ್ನು ನೋಡಿದರು. ಎದ್ದರು, ಕೋಟಿನ ಗುಂಡಿ ಹಾಕಿಕೊಂಡರು, ಅವರು ನಡೆಸಿದ ಹಾಗೆ ನಡೆದು ಮೆಟ್ಟಿಲು ಹತ್ತಿ ಬಂದರು. ರಂಗದ ನಡುವೆ ಒಸ್ವಾಲ್ಡ್ ಶಾಲು ಬಿಡಿಸಿ ಹತ್ತಿರ ಬಂದಾಗ ಎರಡೂ ಕೈಗಳನ್ನು ಮಣಿಕಟ್ಟು ಕೂಡಿಸಿ ಮುಂದೆ ಚಾಚಿದರು. ನಮಸ್ಕಾರ ಮಾಡುತ್ತಿದ್ದಾರೆ ಎಂದುಕೊಂಡು ಜನ ಚಪ್ಪಾಳೆ ಹೊಡೆದರು. ಸ್ಪಾನ್ಸರ್ ಆ ಚಾಚಿದ ಕೈಗಳಲ್ಲಿ ಸೆಲೊಫೇನ್ ಸುತ್ತಿದ ಹಣ್ಣಿನ ಬುಟ್ಟಿ ಇಟ್ಟ. ಹೆಗಲಿಗೆ ಶಾಲು ಬಿತ್ತು, ತಲೆಗೆ ಮೈಸೂರು ಪೇಟ ಬಂತು, ಒಸ್ವಾಲ್ಡ್ ಮೈಕಿನಲ್ಲಿ ‘ಈಜಿಪ್ಟಿನ ಮಹಾನ್ ಸಾಹಿತಿ’ ಎಂದ. ಪೇಟದ ಕೆಳಗಿನಿಂದ ಉಸ್ತಾದರ ಕಣ್ಣು ಹುಡುಕಿ ಹುಡುಕಿ ಯಜ್ಞೇಶನ ಮೇಲೆ ನಿಂತಿತು.

‘ಖಲಾಸ್?’ ಎಂದು ಕೇಳಿದರು, ಮೆಲ್ಲಗೆ.

‘ಲಾ, ಲಾ, ಇಲ್ಲ ಉಸ್ತಾದ್, ಇದು ಮರ್ಯಾದೆ. ಮಾಡುವುದು ಹೀಗೆ. ಇನ್ನೂ ಉಂಟು, ಕೊನೆಯದು ಉಂಟು.’

ಅವರು ಬಹಳ ಹೊತ್ತು ಇವನ ಮುಖ ನೋಡಿ, ಆಗಲಿ ಎಂಬಂತೆ ತಲೆಯಾಡಿಸಿದರು. ಒಂದೊಂದು ಮೆಟ್ಟಿಲನ್ನೂ ಕಾಲಿನಿಂದ ತಡವಿಕೊಂಡು ಕೆಳಗಿಳಿದರು. ಯಜ್ಞೇಶನಿಗೆ ಒಸ್ವಾಲ್ಡನನ್ನು ಹಿಡಿದು ಬಡಿಯಬೇಕು ಅನ್ನಿಸಿತು, ಆಮೇಲೆ ತನ್ನನ್ನೇ.

ದೀಪ ಆರಿ ಪರದೆ ಎದ್ದಿತು. ವೆನಿಟಾ ಬಂದು ಬಟ್ಟಲನ್ನು ಅವನ ಮುಂದೆ ಇಟ್ಟು ಎದುರು ಕೂತಳು. ಮುಚ್ಚಳ ತೆಗೆದ ಕೂಡಲೇ ಬಂಗುಡೆ ಸಾರಿನ ವಾಸನೆ ಬಂತು. ಕೈ ಹಾಕಿದ. ಈಗ ಹೇಳಬೇಕಾದ ಮಾತು ತುಟಿಯ ಒಳಗೇ ಇತ್ತು, ಹೇಳಲಿಲ್ಲ, ತುತ್ತು ಬಾಯಿಗಿಟ್ಟ. ವೆನಿಟಾಳ ಕಣ್ಣು ಅಗಲವಾಯಿತು, ಆದರೆ ಅವಳು ಮಿಸುಕಲಿಲ್ಲ, ನೋಡುತ್ತಲೇ ಕೂತಳು. ಅನ್ನ ತಣ್ಣಗಾಗಿತ್ತು, ಸಾರು ಹುಳಿಯಾಗಿ, ಸರಿಯಾಗಿತ್ತು. ಎರಡನೆಯ ತುತ್ತು. ಉಣ್ಣು ಮಗಾ, ಬೇಗ ಬೇಗ ಬೇಡ, ಮುಳ್ಳುಂಟು ಎಂದು ಪೂವಕ್ಕ ಹೇಳುತ್ತಿದ್ದಳು. ಅವಳು ಉಣ್ಣುತ್ತಿರಲಿಲ್ಲ. ನಿನಗೆ ಅಮ್ಮಾ ಎಂದು ಒಮ್ಮೆಯಾದರೂ ಕೇಳಿದ್ದೆನಾ, ಇಲ್ಲ, ಕೇಳಿದರೆ ಪಾಲು ಕಮ್ಮಿಯಾದೀತೆಂಬ ಹೆದರಿಕೆ ಆ ಪ್ರಾಯದಲ್ಲೇ ಇತ್ತು. ಹಾಲಿನಲ್ಲಿ ಸದ್ದು ನಿಂತಿತ್ತು. ಮಕ್ಕಳ ಗಲಾಟೆ ಕೂಡ ಇರಲಿಲ್ಲ. ಯಾರೂ ಕೆಮ್ಮಲಿಲ್ಲ. ಇದು ಸರಿ ಇದೆ ಉಸ್ತಾದ್, ಕೇಳಿಸಿತಾ, ಸರಿ ಇದೆ ಎಂದು ಅವನ ಮೈಯೆಲ್ಲ ಹೇಳುತ್ತಿತ್ತು. ಮೊದಲ ಸಾಲಿನಲ್ಲಿ ಮುದುಕರು ಕುರ್ಚಿಯ ತುದಿಗೆ ಬಂದು ಮುಂದೆ ಬಾಗಿದ್ದರು, ಪೇಟ ಹಣೆಗೆ ಜಾರಿತ್ತು, ಅದನ್ನು ಸರಿ ಮಾಡಿಕೊಳ್ಳುವ ಎಚ್ಚರವೂ ಅವರಿಗಿರಲಿಲ್ಲ. ಮೂರನೆಯ ತುತ್ತು. ‘ಯಜ್ಞೇಶಣ್ಣ, ಡೈಲಾಗ್!’ ಎಂದು ಪಕ್ಕದ ಪರದೆಯ ಹಿಂದಿನಿಂದ ಜಾಬಿರ್ ಪಿಸುಗುಟ್ಟಿದ. ಪಾಪ, ಅಣ್ಣ ಮಾತು ಮರೆತನೆಂದು ಅವನಿಗೆ ಗಾಬರಿ. ‘ಅಮ್ಮಾ ತಿರುಗಿ ನೋಡು ಅನ್ನಿ, ಅಮ್ಮಾ ತಿರುಗಿ ನೋಡು!’ ಕೆಳಗೆ ಒಸ್ವಾಲ್ಡ್ ಅರ್ಧ ಎದ್ದು ನಿಂತು ಕೈಗಡಿಯಾರವನ್ನು ಬೆರಳಿನಿಂದ ಕುಟ್ಟಿ ತೋರಿಸುತ್ತಿದ್ದ, ಅವನ ಪಕ್ಕ ಸ್ಪಾನ್ಸರ್ ಎದ್ದೇಬಿಟ್ಟಿದ್ದ. ಇನ್ನು ಸ್ವಲ್ಪ ಹೊತ್ತು, ಬಟ್ಟಲಿನಲ್ಲಿ ಇದ್ದದ್ದು ಅಷ್ಟೇ, ಕಣ್ಣು ಮುಚ್ಚಿ ತಿಂದುಬಿಟ್ಟರೆ ಆಗಿಹೋಗುತ್ತಿತ್ತು. ಅವನು ಹೆದರಿದ. ಬೇರೆ ಯಾವ ಕಾರಣವೂ ಇಲ್ಲ, ಹೆದರಿದ. ನಾಳೆ ಕೂಟದಲ್ಲಿ ಯಾರು ಏನೆನ್ನುತ್ತಾರೋ, ಇವನಿಗೆ ಇಷ್ಟು ಧಿಮಾಕು ಎಲ್ಲಿಂದ ಬಂತು, ಮನೆ ಯಾವುದಂತೆ ಇವನದು, ಎಂದು ಕೇಳುತ್ತಾರೋ. ಬಾಯಲ್ಲಿ ಅನ್ನ ಇಟ್ಟುಕೊಂಡೇ ಎದ್ದು ನಿಂತು, ‘ಅಮ್ಮಾ, ತಿರುಗಿ ನೋಡು’ ಎಂದ. ಜಾಬಿರ್ ಗಡ್ಡ ಕಿತ್ತೆಸೆದು ಓಡಿ ಬಂದ, ಹಾಲ್ ಹಾರಿ ಬೀಳುವಷ್ಟು ಶಿಳ್ಳೆ, ಹಾರ್ಮೋನಿಯಂ ಎದ್ದಿತು, ಎಲ್ಲರೂ ಸಾಲಾಗಿ ನಿಂತು ಮಂಗಳ ಹಾಡಿದರು. ಯಜ್ಞೇಶನೂ ಹಾಡಿದ.

ಊಟ ಬೇಡವೆಂದರು ಉಸ್ತಾದ್. ಕಾರಿನಲ್ಲಿ ಶಾಲು ಹೊದ್ದು, ಪೇಟ ಇಟ್ಟುಕೊಂಡೇ, ಹಣ್ಣಿನ ಬುಟ್ಟಿಯನ್ನು ತೊಡೆಯ ಮೇಲೆ ಹಿಡಿದು ಕೂತರು. ಗ್ರೀಷ್ಮಾ ಇವನ ಮುಖ ನೋಡಿದವಳೇ, ತಾನು ವೆನಿಟಾಳ ಜೊತೆ ಬರುತ್ತೇನೆಂದು ಅಲ್ಲೇ ಉಳಿದಿದ್ದಳು. ಅರ್ಧ ದಾರಿ ಕಳೆದ ಮೇಲೆ ಉಸ್ತಾದ್ ಕೇಳಿದರು.

‘ಓಡಿ ಬಂದವನು ಯಾರು?’

‘ಮಗ.’

‘ಬದುಕಿದ್ದನೇ?’

‘ಹೌದು ಉಸ್ತಾದ್.’

‘ಒಳ್ಳೆಯದಾಯಿತು,’ ಎಂದರು. ಕುಟುಕು ಇತ್ತೇನೋ ಎಂದು ಯಜ್ಞೇಶ ಕಿವಿಗೊಟ್ಟು ಹುಡುಕಿದ, ಇರಲಿಲ್ಲ. ಇದ್ದಿದ್ದರೆ ಎಷ್ಟೋ ವಾಸಿಯಿತ್ತು. ‘ಆವತ್ತು ಬಂದವರ ಕೋಟುಗಳೂ ಹೀಗೇ ಇದ್ದವು,’ ಎಂದು ಆಮೇಲೆ ಹೇಳಿದರು, ‘ಕಂದು ಬಣ್ಣ. ಆದರೆ ಅವರು ಹಣ್ಣು ಕೊಡಲಿಲ್ಲ.’ ಯಜ್ಞೇಶ ಸಾರಿ ಅಂದ, ಮಾಫ್ ಮಾಡಿ ಅಂದ, ಪದ್ಧತಿ, ಸಮಿತಿ, ಮಂಗಳ ಎಂದು ಮೂರು ಭಾಷೆಯಲ್ಲಿ ತೊದಲಿದ, ಲಿಫ್ಟಿನ ಬಾಗಿಲಲ್ಲಿ ಹೇಳಿದ್ದು ಸುಳ್ಳು ಎಂದೂ ಹೇಳಿದ. ಅವರು ಹಣೆಯ ಮೇಲೆ ಜಾರುತ್ತಿದ್ದ ಪೇಟವನ್ನು ಮೇಲೆ ತಳ್ಳಿಕೊಳ್ಳುತ್ತಾ ಕೇಳುತ್ತಿದ್ದರು.

‘ಎಷ್ಟು ತುತ್ತು ತಿಂದೆ?’

‘ಮೂರು.’

‘ಮೂರಕ್ಕೆ ಗೊತ್ತಾಗುವುದಿಲ್ಲ,’ ಎಂದರು ಉಸ್ತಾದ್.

ಕಟ್ಟಡದ ನೆಲಮಾಳಿಗೆಯಲ್ಲಿ, ಮೊದಲ ಸಲ ಅವರು ಇವನ ಮಾತು ಕೇಳಿಸಿಕೊಂಡಿದ್ದ ಕಂಬದ ಪಕ್ಕದಲ್ಲೇ, ಯಜ್ಞೇಶ ಕಾರು ನಿಲ್ಲಿಸಿ ಎಂಜಿನ್ ಆರಿಸಿದ. ಅವರು ಇಳಿಯಲಿಲ್ಲ. ಬುಟ್ಟಿಯ ಸೆಲೊಫೇನನ್ನು ಉಗುರಿನಿಂದ ಹರಿದು, ತಲೆಯ ಪೇಟವನ್ನು ತೆಗೆದು ಮಡಿಲಲ್ಲಿ ಬಟ್ಟಲಿನ ಹಾಗೆ ಅಂಗಾತ ಇಟ್ಟುಕೊಂಡರು. ಎರಡು ಕಿತ್ತಳೆಗಳನ್ನು ನಿಧಾನವಾಗಿ ಸುಲಿದು, ತೊಳೆ ತೊಳೆ ಬಿಡಿಸಿ, ಅದರೊಳಗೆ ಹಾಕಿ, ಯಜ್ಞೇಶನ ಮುಂದೆ ಹಿಡಿದರು.

‘ಕುಲ್,’ ಎಂದರು. ತಿನ್ನು.

ಅವನು ಇನ್ನೂ ಸ್ಯಾಟಿನ್ ಅಂಗಿಯಲ್ಲೇ ಇದ್ದ. ಒಂದು ತೊಳೆ ತೆಗೆದು ಬಾಯಿಗಿಟ್ಟ. ಉಸ್ತಾದ್ ಸೀಟಿನಲ್ಲಿ ಓರೆಯಾಗಿ ಕೂತು ನೋಡತೊಡಗಿದರು. ಇನ್ನೊಂದು ತೆಗೆದ. ಅವರ ಮುಖದಲ್ಲಿ ಸಿಟ್ಟಿರಲಿಲ್ಲ, ಕರುಣೆಯೂ ಇರಲಿಲ್ಲ; ನೋಡುತ್ತಿದ್ದರು, ಅಷ್ಟೇ. ಹುಳಿಯಾಗಿತ್ತು ಹಣ್ಣು. ಬೇಗ ಮುಗಿಸೋಣವೆಂದು ಎರಡು ತೊಳೆ ಒಟ್ಟಿಗೆ ತೆಗೆದಾಗ ಅವರು ಪೇಟವನ್ನು ಸ್ವಲ್ಪ ಹಿಂದಕ್ಕೆಳೆದರು. ಅವನು ಒಂದನ್ನು ಮರಳಿ ಹಾಕಿದ. ಪಕ್ಕದಲ್ಲಿ ಯಾವುದೋ ಕಾರು ಬಂತು, ಮಕ್ಕಳು ಇಳಿದು ಓಡಿದರು, ಒಂದು ಮಗು ಕಿಟಕಿಯಲ್ಲಿ ಇಣುಕಿ ಜರಿಪಟ್ಟಿ ಕಟ್ಟಿದವನನ್ನು ನೋಡಿ ನಕ್ಕಿತು. ಯಜ್ಞೇಶನಿಗೆ ಎದ್ದು ಓಡಿಹೋಗಬೇಕೆನ್ನಿಸಿತು. ಎಲ್ಲಿಗೆ? ತಿಂದ. ಕಣ್ಣಿನಲ್ಲಿ ನೀರು ಬಂತು, ಒರೆಸಿಕೊಳ್ಳಲಿಲ್ಲ, ತಿಂದ. ನಿನಗೆ ಬೇಡವಾ ಎಂದು ಕೇಳಬೇಕೆನ್ನಿಸಿತು, ಈಗ ಕೇಳುವ ಹಾಗಿರಲಿಲ್ಲ. ಕೊನೆಯ ತೊಳೆ ಬಾಯಿಗೆ ಹೋದ ಮೇಲೆ ಉಸ್ತಾದ್ ಪೇಟದೊಳಗೆ ಕೈಯಾಡಿಸಿ ಖಾಲಿಯೆಂದು ನೋಡಿ, ಅದನ್ನು ಡ್ಯಾಶ್‌ಬೋರ್ಡಿನ ಮೇಲೆ ಮಗುಚಿ ಇಟ್ಟರು.

‘ಸರಿ ಇದೆ,’ ಎಂದರು, ತಮಗೇ ಹೇಳಿಕೊಂಡ ಹಾಗೆ. ‘ದೃಶ್ಯ ಸರಿ ಇದೆ. ಇದಕ್ಕಿಂತ ಒಂದು ಮಾತು ಹೆಚ್ಚು ಬೇಡ.’

ಬಾಗಿಲು ತೆಗೆದು ಇಳಿದರು. ಶಾಲು ನೆಲಕ್ಕೆ ಎಳೆಯುತ್ತಿತ್ತು. ಅವರು ತಿರುಗಿ ನೋಡಲಿಲ್ಲ. ಲಿಫ್ಟಿನ ಬಾಗಿಲು ತೆರೆದು ಮುಚ್ಚಿದ ಮೇಲೂ ಯಜ್ಞೇಶ ಹಾಗೇ ಕೂತಿದ್ದ, ಬಾಯಲ್ಲಿ ಉಳಿದಿದ್ದ ಕಿತ್ತಳೆ ಬೀಜವನ್ನು ಎಲ್ಲಿ ಉಗುಳಬೇಕೆಂದು ತಿಳಿಯದೆ, ಕೊನೆಗೆ ನುಂಗಿದ.